‘ಪದಾರ್ಥ’ ಅಂದರೆ ಎಂತದು?

ಪ್ರಶ್ನೆ: ಮಾಷ್ಟ್ರೇ, ನಮ್ಮ ಮನೆ ಕಾಸರಗೋಡಿನ ಬದಿಯಡ್ಕದ ಹತ್ತಿರ. ಮಗಳು ಒಂಬತ್ತನೇ ಕ್ಲಾಸು, ಕನ್ನಡ ಮಾಧ್ಯಮ. ಮೊನ್ನೆ ಊಟಕ್ಕೆ ಕೂತಾಗ “ಇವತ್ತು ಎಂತ ಪದಾರ್ಥ?” ಎಂದು ಕೇಳಿದಳು. ಮತ್ತೆ ಒಂದು ಕ್ಷಣ ಸುಮ್ಮನಾಗಿ, “ಅಮ್ಮ, ಶಾಲೆಯಲ್ಲಿ ಘನಪದಾರ್ಥ, ದ್ರವಪದಾರ್ಥ ಅಂತಾರೆ. ಅಜ್ಜ ತರ್ಕದಲ್ಲಿ ಏಳು ಪದಾರ್ಥ ಉಂಟು ಅಂತಾರೆ. ನಾವು ಬಸಳೆಗೂ ಪದಾರ್ಥ ಅಂತೇವೆ. ಇದರಲ್ಲಿ ನಿಜವಾದ ಅರ್ಥ ಯಾವುದು?” ಎಂದಳು. ನನಗೆ ಹೇಳಲು ಗೊತ್ತಾಗಲಿಲ್ಲ. ಇನ್ನೊಂದು ಚಿಂತೆಯೂ ಉಂಟು. ಮನೆಯಲ್ಲಿ ಕನ್ನಡ, ಪಕ್ಕದ ಮನೆಯಲ್ಲಿ ತುಳು, ಬಸ್ಸಿನಲ್ಲಿ ಮಲಯಾಳ. ಇಷ್ಟರ ನಡುವೆ ಬೆಳೆದರೆ ಮಕ್ಕಳ ತಲೆಯಲ್ಲಿ ಅರ್ಥಗಳೆಲ್ಲ ಕಲಸಿಹೋಗುವುದಿಲ್ಲವೇ?

ಉತ್ತರ: ಮೊದಲು ನಿಮ್ಮ ಮಗಳಿಗೆ ನನ್ನ ಶಹಬ್ಬಾಸ್ ಹೇಳಿ. ನಾನು ತುಂಬ ವರ್ಷ ಭಾಷಾಶಾಸ್ತ್ರ ಪಾಠ ಮಾಡಿದ್ದೇನೆ. ಈ ಪ್ರಶ್ನೆಯನ್ನು ಇಷ್ಟು ಸರಿಯಾದ ಪದ ಹಿಡಿದು ಕೇಳಿದವರು ಕಡಿಮೆ. ಯಾಕೆ ಗೊತ್ತುಂಟಾ? ‘ಪದಾರ್ಥ’ ಎಂಬ ಪದವನ್ನು ಬಿಡಿಸಿದರೆ ಪದ ಮತ್ತು ಅರ್ಥ. ಪದದ ಅರ್ಥ ಎಂಬುದೇ ಪದಾರ್ಥ. ಅಂದರೆ ಅವಳು ಕೇಳಿದ್ದು, ‘ಪದದ ಅರ್ಥ’ ಎಂಬ ಪದದ ಅರ್ಥವೇನು ಎಂದು!

ಅದು ಬಟ್ಟಲಿನ ತನಕ ಹೇಗೆ ಬಂತು ನೋಡಿ. ಹಿಂದೆ ವೈಶೇಷಿಕರು ಎಂಬ ತತ್ತ್ವಚಿಂತಕರು ಇದ್ದರು. ಕಣಾದನನ್ನು ಅವರ ಮೂಲಪುರುಷ ಅನ್ನುತ್ತಾರೆ. ಲೋಕದಲ್ಲಿ ಏನೇನು ಇದೆ ಎಂದು ಲೆಕ್ಕ ಹಾಕಲು ಹೊರಟವರು ಇವರು. ಯಾವುದನ್ನು ಒಂದು ಪದದಿಂದ ಹೇಳಬಹುದೋ ಅದು ಪದಾರ್ಥ ಎಂದರು. ಮೊದಲು ಆರು, ಆಮೇಲೆ ಏಳು: ದ್ರವ್ಯ, ಗುಣ, ಕರ್ಮ, ಸಾಮಾನ್ಯ, ವಿಶೇಷ, ಸಮವಾಯ, ಅಭಾವ. ಅಜ್ಜ ಹೇಳಿದ್ದು ಇದೇ. ಹೀಗೆ ‘ಪದ ತೋರಿಸುವಂಥದ್ದು’ ಎಂಬ ಮಾತು ‘ವಸ್ತು’ ಎಂದಾಯಿತು. ವಸ್ತು ಎಂದ ಮೇಲೆ ಘನ, ದ್ರವ ಎಂದು ವಿಂಗಡಿಸುವ ವಿಜ್ಞಾನದ ಪಾಠಕ್ಕೆ ಅದು ಸಲೀಸಾಗಿ ಸಿಕ್ಕಿತು. ನಮ್ಮ ಕರಾವಳಿಯಲ್ಲಿ ಅನ್ನದ ಜೊತೆಗೆ ಬೇಕಾದ ವಸ್ತು ಎಂಬಲ್ಲಿಗೆ ಬಂದು ನಿಂತಿತು. ಮೈಸೂರಿನವರಿಗೆ “ಬಸಳೆ ಪದಾರ್ಥ” ಎಂದರೆ ಥಟ್ಟನೆ ಹೊಳೆಯಲಿಕ್ಕಿಲ್ಲ. ನಮಗೆ ಬಾಯಲ್ಲಿ ನೀರು ಬರುತ್ತದೆ.

ಹಾಗಾದರೆ ನಿಜವಾದದ್ದು ಯಾವುದು? ಪದದ ಅರ್ಥ, ತರ್ಕದ್ದು, ವಿಜ್ಞಾನದ್ದು, ಬಟ್ಟಲಿನದ್ದು, ನಾಲ್ಕೂ ನಿಜ. ಅರ್ಥ ಪದದ ಹೊಟ್ಟೆಯೊಳಗೆ ಅಡಗಿ ಕೂತಿರುವುದಿಲ್ಲ. ಪದ ಎಲ್ಲಿ ಕೂತಿದೆ, ಪಕ್ಕದಲ್ಲಿ ಯಾರಿದ್ದಾರೆ, ಅಲ್ಲಿ ಅದಕ್ಕೆ ಏನು ಕೆಲಸ ಕೊಟ್ಟಿದ್ದಾರೆ, ಇವು ಸೇರಿ ಅರ್ಥ ಹುಟ್ಟುತ್ತದೆ. ಸುಮ್ನೆ ಹೇಳಿದರೆ ನಂಬಿಕೆ ಬರುವುದಿಲ್ಲ, ಅಲ್ವಾ? ಒಂದೊಂದಾಗಿ ತೋರಿಸುತ್ತೇನೆ.

ಹಾಲಿನಿಂದ ಶುರು ಮಾಡೋಣ. ಕನ್ನಡದಲ್ಲಿ ಹಾಲು. ಮಲಯಾಳದಲ್ಲಿ ಪಾಲ್. ತುಳುವಿನಲ್ಲಿ ಪೇರ್. ಕೊಂಕಣಿಯಲ್ಲಿ ದೂದ್. ಆದರೆ ಕನ್ನಡದಲ್ಲಿ ಪಾಲು ಎಂದರೆ ಹಂಚಿಕೆಯ ಭಾಗ. ಮಲಯಾಳದಲ್ಲಿ ಪೇರ್ ಎಂದರೆ ಹೆಸರು. ಒಂದೇ ಲೋಟ ಹಾಲು, ನಾಲ್ಕು ಸದ್ದು. ಅದೇ ಸದ್ದು ಪಕ್ಕದ ಮನೆಗೆ ಹೋದರೆ ಬೇರೆ ಸಾಮಾನು. ಸ್ವಿಟ್ಜರ್‌ಲೆಂಡಿನ ಭಾಷಾಶಾಸ್ತ್ರಜ್ಞ ಸೊಸ್ಯೂರ್ ಜಿನೀವಾದಲ್ಲಿ ಪಾಠ ಮಾಡುತ್ತಾ ಹೇಳಿದ್ದು ಇದನ್ನೇ. ಸದ್ದಿಗೂ ಅದು ಸೂಚಿಸುವುದಕ್ಕೂ ಹುಟ್ಟಿನ ನಂಟು ಇಲ್ಲ, ಇರುವುದು ಜನರ ಒಪ್ಪಿಗೆ. ಅವರು ತೀರಿಕೊಂಡ ಮೇಲೆ, 1916ರಲ್ಲಿ, ವಿದ್ಯಾರ್ಥಿಗಳು ಬರೆದಿಟ್ಟ ಟಿಪ್ಪಣಿಗಳಿಂದ ಅವರ ಪುಸ್ತಕ ಹೊರಬಂತು. ಒಂದೇ ಭಾಷೆಯ ಊರಿನಲ್ಲಿ ಬೆಳೆದವರಿಗೆ ಇದನ್ನು ಪಾಠ ಮಾಡಿ ಹೇಳಬೇಕಾಗುತ್ತದೆ. ಕಾಸರಗೋಡಿನ ಮಗುವಿಗೆ ಹಾಲಿನವನು ಬಂದಾಗಲೇ ಗೊತ್ತಾಗಿರುತ್ತದೆ.

ಸೊಸ್ಯೂರ್ ಚದುರಂಗದ ಹೋಲಿಕೆ ಕೊಟ್ಟರು. ಕುದುರೆಯ ಕಾಯಿ ಕಳೆದುಹೋದರೆ ಬೇರೆ ಏನನ್ನಾದರೂ ಇಟ್ಟು ಆಡಬಹುದು. ನಾವು ಮಳೆಗಾಲದಲ್ಲಿ ಚೆನ್ನೆಮಣೆ ಆಡುವಾಗ ಹಾಗೆಯೇ ಮಾಡುತ್ತೇವಲ್ಲ. ಮಂಜೊಟ್ಟಿ ಕಾಯಿ ಕಡಿಮೆ ಬಿದ್ದರೆ ಹುಣಸೆಬೀಜ ಹಾಕುತ್ತೇವೆ. ಆಟಕ್ಕೇನೂ ಊನ ಬರುವುದಿಲ್ಲ. ಕಾಯಿಯ ಬೆಲೆ ಅದರ ಬಣ್ಣದಲ್ಲಿಲ್ಲ, ಮಣೆಯ ನಿಯಮದಲ್ಲಿದೆ.

ಈಗ ಮಗಳ ಹತ್ತಿರ ಒಂದು ಕಾಗದ, ಪೆನ್ನು ತರಲಿಕ್ಕೆ ಹೇಳಿ. ಒಂದು ಉರುಟು ಬರೆಯಲಿ. ಅಷ್ಟೇ, ಒಂದು ಸೊನ್ನೆ. ಇದು ಏನು?

ಅದರ ಎಡಕ್ಕೆ ಕನ್ನಡದ ೧ ಬರೆದರೆ ಹತ್ತಾಯಿತು. ಅದನ್ನು ಅಳಿಸಿ ಎಡಕ್ಕೆ ‘ಅ’ ಬರೆದರೆ ಅದೇ ಉರುಟು ಅನುಸ್ವಾರವಾಯಿತು. ನಮ್ಮಲ್ಲಿ ಅದಕ್ಕೂ ಸೊನ್ನೆ ಎಂದೇ ಹೆಸರು. ಮಲಯಾಳದ ಮೇಷ್ಟ್ರಿಗೆ ಅದೇ ಉರುಟನ್ನು ಒಂಟಿಯಾಗಿ ತೋರಿಸಿದರೆ ಅವರು ‘ಠ’ ಎಂದು ಓದಬಹುದು. ಅವರ ಲಿಪಿಯಲ್ಲಿ ಠ ಎಂದರೆ ಬರೀ ಒಂದು ಉರುಟು.

ಇನ್ನೂ ಹತ್ತಿರ ಹೋಗೋಣ. ಅಂಕ, ಅಂಚು, ಅಂಟು, ಅಂದ, ಅಂಬು. ಈ ಐದನ್ನು ಅವಳು ನಿಧಾನವಾಗಿ, ಜೋರಾಗಿ ಹೇಳಲಿ. ಸೊನ್ನೆ ಬಂದಲ್ಲಿ ನಾಲಿಗೆ ಎಲ್ಲಿದೆ ಎಂದು ಗಮನಿಸಲಿ. ‘ಅಂಕ’ದಲ್ಲಿ ನಾಲಿಗೆಯ ಹಿಂಭಾಗ ಗಂಟಲ ಹತ್ತಿರ ಏಳುತ್ತದೆ. ‘ಅಂಚು’ವಿನಲ್ಲಿ ಅಂಗುಳಕ್ಕೆ ತಾಗುತ್ತದೆ. ‘ಅಂಟು’ವಿನಲ್ಲಿ ಮಡಚಿಕೊಳ್ಳುತ್ತದೆ. ‘ಅಂದ’ದಲ್ಲಿ ಹಲ್ಲಿಗೆ ಬರುತ್ತದೆ. ‘ಅಂಬು’ವಿನಲ್ಲಿ ನಾಲಿಗೆಗೆ ಕೆಲಸವೇ ಇಲ್ಲ, ತುಟಿ ಮುಚ್ಚುತ್ತದೆ. ಬರೆದದ್ದು ಒಂದೇ ಸೊನ್ನೆ, ಬಾಯಿ ಮಾಡಿದ್ದು ಐದು ಬೇರೆ ಬೇರೆ ಸದ್ದು. ಯಾವ ಸದ್ದು ಎಂದು ಹೇಳಿದ್ದು ಯಾರು? ಮುಂದಿನ ಅಕ್ಷರ. ನೆರೆಯವರಿಂದ ಅರ್ಥ ಹುಟ್ಟುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ನನಗೆ ಗೊತ್ತಿಲ್ಲ. ನಮ್ಮ ಬಾಯಲ್ಲೇ ಉಂಟು.

ಗಣಿತದ ಸೊನ್ನೆಯ ಕತೆಯೂ ಅಷ್ಟೇ ಚೆಂದ. ತರ್ಕದ ಏಳನೇ ಪದಾರ್ಥ ಅಭಾವ ಎಂದೆನಲ್ಲ. ‘ನೆಲದ ಮೇಲೆ ಮಡಕೆ ಇಲ್ಲ’ ಎಂಬುದು ತರ್ಕದವರ ಉದಾಹರಣೆ. ಮಡಕೆ ಇಲ್ಲದಿರುವುದು ಕೂಡ ತಿಳಿಯಬೇಕಾದ ಒಂದು ಸಂಗತಿ, ಅದಕ್ಕೂ ಹೆಸರು ಬೇಕು ಎಂದರು ಅವರು. ಗಣಿತದಲ್ಲಿ ಬ್ರಹ್ಮಗುಪ್ತ 628ರಲ್ಲಿ ಸೊನ್ನೆಗೆ ಕೂಡುವ, ಕಳೆಯುವ, ಗುಣಿಸುವ ನಿಯಮ ಬರೆದ. ಒಂದು ಸಂಖ್ಯೆಯಿಂದ ಅದನ್ನೇ ಕಳೆದರೆ ಸೊನ್ನೆ ಎಂದ. ಸೊನ್ನೆಯನ್ನು ಸೊನ್ನೆಯಿಂದ ಭಾಗಿಸಿದರೂ ಸೊನ್ನೆ ಎಂದ, ಅದನ್ನು ಇಂದಿನ ಗಣಿತ ಒಪ್ಪುವುದಿಲ್ಲ. ಆದರೆ ಗಮನಿಸಿ: ಗುರುತು ಮತ್ತು ನಿಯಮ ಹುಟ್ಟಿದ ಮೇಲೆ ತಾನೇ ಆ ಪ್ರಶ್ನೆ ಹುಟ್ಟಿದ್ದು? ‘ಏನೂ ಇಲ್ಲದ್ದನ್ನು ಏನೂ ಇಲ್ಲದ್ದರಿಂದ ಭಾಗಿಸು’ ಎಂದು ಬರೀ ಮಾತಿನಲ್ಲಿ ಯಾರಿಗೂ ತಲೆಗೆ ಹೊಳೆಯುವುದಿಲ್ಲ. ಸಂಕೇತ ನಾವು ಯೋಚಿಸಿದ್ದನ್ನು ಬರೆದಿಡುವುದಷ್ಟೇ ಅಲ್ಲ, ಮೊದಲು ಯೋಚಿಸಲು ಆಗದಿದ್ದದ್ದನ್ನು ಕೈಗೆ ಕೊಡುತ್ತದೆ. ನನಗೆ ಈ ವಿಷಯದಲ್ಲಿ ಅತಿ ಹೆಚ್ಚು ಬೆರಗು ಹುಟ್ಟಿಸುವುದು ಇದೇ.

ಸಂಗೀತದ ಕಡೆಯಿಂದ ಒಂದು ಸಣ್ಣ ಮಾತು. ನಿಮ್ಮ ಮಗಳು ಸಂಗೀತ ಕಲಿಯುತ್ತಿದ್ದರೆ ಜಂಟಿವರಸೆಯ ಹೊತ್ತಿಗೆ ಮಾಯಾಮಾಳವಗೌಳ ಕೇಳಿರುತ್ತಾಳೆ. ಧೀರಶಂಕರಾಭರಣವೂ ಕಿವಿಗೆ ಬಿದ್ದಿರುತ್ತದೆ. ಕಾವ್ಯದಲ್ಲಿ ಧೀರ ಎಂದರೆ ಎದೆಗಾರ. ಕರ್ನಾಟಕ ಸಂಗೀತದ 72 ಮೇಳಕರ್ತ, ಅಂದರೆ ಮೂಲ ರಾಗಗಳ ಸಾಲಿನಲ್ಲಿ ‘ಧೀರ’ ಎಂದರೆ 29. ಕಟಪಯಾದಿ ಎಂಬ ಲೆಕ್ಕದಲ್ಲಿ ಪ್ರತಿ ವ್ಯಂಜನಕ್ಕೂ ಒಂದು ಅಂಕಿ. ಧ ಎಂದರೆ 9, ರ ಎಂದರೆ 2, ಬಲದಿಂದ ಎಡಕ್ಕೆ ಓದಬೇಕು. 29ನೇ ಮೇಳ. ಮಾಯಾ ಎಂಬುದರಲ್ಲಿ ಮ 5, ಯ 1, ಹಾಗಾಗಿ 15. ಅಕ್ಷರ ಅದೇ, ನಿಯಮ ಬದಲಾದ ಕೂಡಲೇ ಅದು ಅಂಕಿ.

ಇಷ್ಟಾದ ಮೇಲೆ ಶಾಲೆಯ ಕಡೆ ಬರೋಣ. ಪ್ರತಿ ಶಾಸ್ತ್ರವೂ ಪದದ ಸುತ್ತ ತನ್ನದೇ ಬೇಲಿ ಹಾಕುತ್ತದೆ. ನನ್ನ ಉತ್ತರದ ತಿರುಳು ಇದೇ ಎಂದು ಇಟ್ಟುಕೊಳ್ಳಿ. ಬೇಲಿ ಹಾಕುವ ರೀತಿ ಮಾತ್ರ ಬೇರೆ ಬೇರೆ.

ಭೌತಶಾಸ್ತ್ರದಲ್ಲಿ ‘ಕೆಲಸ’ ಎಂಬ ಪದ ಬರುತ್ತದೆ. ಬಲ ಹಾಕಿದ ದಿಕ್ಕಿನಲ್ಲಿ ವಸ್ತು ಸರಿದರೆ ಮಾತ್ರ ಕೆಲಸ. ಅಡಿಕೆ ಮೂಟೆಯನ್ನು ತಲೆ ಮೇಲೆ ಹೊತ್ತು ಸಮತಟ್ಟು ದಾರಿಯಲ್ಲಿ ನಡೆಯುವವನನ್ನು ನೆನೆಸಿಕೊಳ್ಳಿ. ಅವನ ತಲೆ ಮೂಟೆಯನ್ನು ಮೇಲಕ್ಕೆ ಒತ್ತುತ್ತಿದೆ, ಮೂಟೆ ಸರಿಯುತ್ತಿರುವುದು ಅಡ್ಡಕ್ಕೆ. ಹಾಗಾಗಿ ಆ ಒತ್ತುವ ಬಲ ಮಾಡಿದ ಕೆಲಸ ಸೊನ್ನೆ. ಮಕ್ಕಳಿಗೆ ಇದು ಅನ್ಯಾಯ ಅನ್ನಿಸುತ್ತದೆ. ಬೆವರು ಸುರಿಸಿದವನಿಗೆ ಕೆಲಸವೇ ಮಾಡಿಲ್ಲ ಎನ್ನುವುದೇ ಎಂದು ಕೇಳುತ್ತಾರೆ. ಆಗ ಮೇಷ್ಟ್ರು ಹೇಳಬೇಕಾದದ್ದು, ‘ನಿಮ್ಮ ಮನೆಯ ಕೆಲಸ ಎಂಬ ಪದ ತಪ್ಪು’ ಎಂದಲ್ಲ. ‘ಈ ಬೇಲಿಯ ಒಳಗೆ ಕೆಲಸ ಎಂದರೆ ಇಷ್ಟೇ, ಯಾಕೆಂದರೆ ನಾವು ಅದನ್ನು ಅಳೆಯಬೇಕು’ ಎಂದು. ಕೂಲಿ ಲೆಕ್ಕ ಹಾಕುವಾಗ ಭೌತಶಾಸ್ತ್ರದ ಬೇಲಿ ಉಪಯೋಗಕ್ಕಿಲ್ಲ. ವಿಜ್ಞಾನ ತುಂಬ ಮಕ್ಕಳಿಗೆ ಕಷ್ಟವಾಗುವುದು ವಿಷಯದಿಂದಲ್ಲ, ಬೇಲಿ ದಾಟಿದ್ದನ್ನು ಯಾರೂ ಹೇಳದೇ ಇರುವುದರಿಂದ ಎಂದು ನನ್ನ ಬಲವಾದ ಅನಿಸಿಕೆ.

ಕಾನೂನು ಆಜ್ಞೆಯಿಂದ ಬೇಲಿ ಹಾಕುತ್ತದೆ. ಕಾಯಿದೆಗಳ ಪದಗಳನ್ನು ಹೇಗೆ ಓದಬೇಕೆಂದು ಹೇಳುವ 1897ರ ಜನರಲ್ ಕ್ಲಾಜಸ್ ಆಕ್ಟ್‌ನ 13ನೇ ಸೆಕ್ಷನ್ ಪ್ರಕಾರ, ಸಂದರ್ಭ ಬೇರೆ ಹೇಳದಿದ್ದರೆ, ಕಾಯಿದೆಯಲ್ಲಿ ಗಂಡಿಗೆ ಹೇಳಿದ ಪದ ಹೆಣ್ಣಿಗೂ ಸೇರುತ್ತದೆ. ‘ಅವನು’ ಎಂದರೆ ಅವಳೂ ಹೌದು.

ಇದನ್ನು ಓದುವಾಗೆಲ್ಲ ನನಗೆ ನಮ್ಮ ಮನೆಮಾತು ನೆನಪಾಗುತ್ತದೆ. ನಾವು ಹವ್ಯಕರು. ನಮ್ಮಲ್ಲಿ ಹೆಂಗಸರ ಬಗ್ಗೆ ಹೇಳುವಾಗ “ಅಕ್ಕ ಬಂತು” ಎನ್ನುತ್ತೇವೆ. ಓದಲಿಕ್ಕೆ ಮೈಸೂರಿಗೆ ಹೋದ ಹೊಸತರಲ್ಲಿ ಹಾಸ್ಟೆಲಿಗೆ ಅಕ್ಕ ಬಂದಳು. ನಾನು ಖುಷಿಯಿಂದ “ಅಕ್ಕ ಬಂತು!” ಎಂದು ಕೂಗಿ ಓಡಿದೆ. ರೂಮಿನ ಗೆಳೆಯ ದಂಗಾಗಿ ನಿಂತ. ರಾತ್ರಿ ಮೆಲ್ಲಗೆ ಕೇಳಿದ, “ನಿಮ್ಮಕ್ಕನ ಮೇಲೆ ನಿನಗೆ ಸಿಟ್ಟಾ?” ಅವನ ಕನ್ನಡದಲ್ಲಿ ‘ಬಂತು’ ಎಂದರೆ ಹಸು ಬಂತು, ಬಸ್ಸು ಬಂತು. ನನ್ನದರಲ್ಲಿ ಅದು ಪ್ರೀತಿಯ, ಸಲಿಗೆಯ, ಹುಟ್ಟಿದಾಗಿನಿಂದ ಕೇಳಿದ ಮಾತು. ವ್ಯಾಕರಣದ ಪುಸ್ತಕ ತೆರೆದರೆ ಎರಡೂ ನಪುಂಸಕಲಿಂಗವೇ. ಮರ್ಯಾದೆ ಇದೆಯೋ ಇಲ್ಲವೋ ಎಂದು ಪ್ರತ್ಯಯ ಹೇಳುವುದಿಲ್ಲ, ಅದನ್ನು ಬಳಸುವ ಮನೆ ಹೇಳುತ್ತದೆ. ವಿಟ್‌ಗೆನ್‌ಸ್ಟೈನ್ ಎಂಬ ತತ್ತ್ವಜ್ಞಾನಿಯ ಕೊನೆಗಾಲದ ಬರಹ 1953ರಲ್ಲಿ ಹೊರಬಂತು. ಹೆಚ್ಚಿನ ಕಡೆ ಪದದ ಅರ್ಥವೆಂದರೆ ಭಾಷೆಯಲ್ಲಿ ಅದರ ಬಳಕೆಯೇ ಎಂಬುದು ಅಲ್ಲಿ ಬರುವ ವಿಚಾರ. ಅದನ್ನು ಓದಿದ ದಿನ ನನಗೆ ಆ ಗೆಳೆಯನ ಮುಖ ಕಣ್ಣಮುಂದೆ ಬಂದಿತ್ತು.

ಬೇಲಿಯ ಮಾತಾಡಿದೆ. ಕಾವ್ಯದ ಬೇಲಿಗೆ ಮಾತ್ರ ಒಂದು ತಡಮೆ ಇರುತ್ತದೆ, ದಾಟಿ ಹೋಗಲಿ ಎಂದೇ ಇಟ್ಟದ್ದು. ಕಾಶ್ಮೀರದ ಆನಂದವರ್ಧನ 9ನೇ ಶತಮಾನದಲ್ಲಿ ಇದಕ್ಕೆ ಧ್ವನಿ ಎಂಬ ಹೆಸರಿನಲ್ಲಿ ದೊಡ್ಡ ವಿಚಾರ ಕಟ್ಟಿದ. ಹೇಳಿದ ಅರ್ಥ ಒಂದು, ಅದರ ಹಿಂದಿನಿಂದ ಕೇಳಿಸುವ ಅರ್ಥ ಇನ್ನೊಂದು. ಗಂಟೆ ಬಾರಿಸಿದ ಮೇಲೂ ನಾದ ಉಳಿಯುವ ಹಾಗೆ.

ಇದನ್ನು ನಮ್ಮ ಅಂಗಳದಲ್ಲೇ ನೋಡಬಹುದು. ಚಾಲಿಗೆಂದು, ಅಂದರೆ ಬಿಸಿಲಿಗೆ ಒಣಗಲೆಂದು, ಅಡಿಕೆ ಹರಡಿದೆ. ಅಜ್ಜಿ ಜಗಲಿಯಿಂದ “ಮೋಡ ಕಟ್ಟಿತು” ಎನ್ನುತ್ತಾರೆ. ಎರಡೇ ಪದ. ಮನೆಮಂದಿಯೆಲ್ಲ ಗೋಣಿ, ಬುಟ್ಟಿ ಹಿಡಿದು ಓಡುತ್ತಾರೆ. “ಅಡಿಕೆ ಒಳಗೆ ಹಾಕಿ” ಎಂದು ಅಜ್ಜಿ ಹೇಳಲೇ ಇಲ್ಲ. ಅದೇ ಮಾತನ್ನು ಏಪ್ರಿಲ್ ಕೊನೆಯಲ್ಲಿ, ಬಾವಿ ತಳ ಕಂಡಿರುವಾಗ ಹೇಳಿದರೆ ಮನೆಮಂದಿಯ ಮುಖ ಅರಳುತ್ತದೆ. ಒಂದೇ ವಾಕ್ಯ, ಒಂದು ದಿನ ಗಾಬರಿ, ಇನ್ನೊಂದು ದಿನ ಸಂತೋಷ.

ಇಲ್ಲಿ ಇನ್ನೊಂದು ಸೂಕ್ಷ್ಮವಿದೆ. ಆಕಾಶದ ಮೋಡವೂ ಒಂದು ಗುರುತು, ಮಳೆಯ ಗುರುತು. ಹೊಗೆ ಕಂಡರೆ ಬೆಂಕಿ ಎಂದು ತರ್ಕದವರು ಹೇಳಿದ ಹಾಗೆ. ‘ಮೋಡ’ ಎಂಬ ಪದವೂ ಒಂದು ಗುರುತು, ಮೋಡದ ಗುರುತು. ಆದರೆ ಇವೆರಡು ಒಂದೇ ಜಾತಿಯವಲ್ಲ. ಅಮೆರಿಕದ ತತ್ತ್ವಜ್ಞಾನಿ ಚಾರ್ಲ್ಸ್ ಪರ್ಸ್ (1839–1914) ಗುರುತುಗಳನ್ನು ಮೂರು ಬಗೆ ಮಾಡಿದ. ಹೋಲಿಕೆಯಿಂದ ಸೂಚಿಸುವಂಥದ್ದು, ಭಾವಚಿತ್ರದ ಹಾಗೆ. ನಂಟಿನಿಂದ ಸೂಚಿಸುವಂಥದ್ದು, ಹೊಗೆಯ ಹಾಗೆ, ಜ್ವರದ ಹಾಗೆ. ಒಪ್ಪಿಗೆಯಿಂದ ಸೂಚಿಸುವಂಥದ್ದು, ಪದದ ಹಾಗೆ. ಮೋಡಕ್ಕೆ ಯಾರ ಒಪ್ಪಿಗೆಯೂ ಬೇಡ, ಅದು ಕಾಸರಗೋಡಿನಲ್ಲೂ ಕಾಶ್ಮೀರದಲ್ಲೂ ಮಳೆಯನ್ನೇ ಹೇಳುತ್ತದೆ. ಡಾಕ್ಟರು ನಾಡಿ ಹಿಡಿದು ಓದುವುದು ಎರಡನೇ ಬಗೆಯದ್ದು, ಚೀಟಿಯಲ್ಲಿ ಬರೆಯುವುದು ಮೂರನೇ ಬಗೆಯದ್ದು.

ಒಂದೇ ವಸ್ತುವಿಗೆ ಎರಡು ಹೆಸರು ಇದ್ದರೆ ಏನು ಪ್ರಯೋಜನ ಎಂದು ಕೆಲವರು ಕೇಳುವುದುಂಟು. ಬೆಳಗಿನ ಜಾವ ಮೂಡಣದಲ್ಲಿ ಹೊಳೆಯುವ ಬೆಳ್ಳಿ, ಸಂಜೆ ಪಡುವಣದಲ್ಲಿ ಹೊಳೆಯುವ ಬೆಳ್ಳಿ. ಎರಡೂ ಶುಕ್ರಗ್ರಹವೇ. (ಮಲಯಾಳದಲ್ಲಿ ಶುಕ್ರವಾರಕ್ಕೆ ವೆಳ್ಳಿಯಾಳ್ಚ ಎನ್ನುವುದು ಯಾಕೆಂದು ಮಗಳಿಗೆ ಈಗ ಹೊಳೆಯಬಹುದು.) ಜರ್ಮನಿಯ ಗಣಿತಜ್ಞ ಫ್ರೆಗೆ 1892ರಲ್ಲಿ ಇದನ್ನೇ ಹಿಡಿದು ಕೇಳಿದ. ‘ಶುಕ್ರ ಎಂದರೆ ಶುಕ್ರ’ ಎಂದರೆ ಯಾರಿಗೂ ಏನೂ ಹೊಸತು ತಿಳಿಯುವುದಿಲ್ಲ. ‘ಬೆಳಗಿನ ಬೆಳ್ಳಿಯೇ ಸಂಜೆಯ ಬೆಳ್ಳಿ’ ಎಂದರೆ ಅದೊಂದು ಸುದ್ದಿ, ಯಾರೋ ಆಕಾಶ ನೋಡಿ ನೋಡಿ ಕಂಡುಹಿಡಿದದ್ದು. ತೋರಿಸುವ ವಸ್ತು ಒಂದೇ, ತೋರಿಸುವ ದಾರಿ ಬೇರೆ. ರಾಬರ್ಟ್ ರೆಕಾರ್ಡ್ 1557ರಲ್ಲಿ ಸಮಚಿಹ್ನೆಯಾಗಿ ಎರಡು ಸಮಾಂತರ ಗೆರೆ ಬಳಸಿದ. ಆ ಚಿಹ್ನೆಯ ಎರಡೂ ಕಡೆ ನಾವು ಬರೆಯುವುದೂ ಇಂಥದ್ದನ್ನೇ. 7 + 5 ಒಂದು ದಾರಿ, 12 ಇನ್ನೊಂದು ದಾರಿ, ತಲುಪುವ ಮನೆ ಒಂದು.

ಕೊನೆಗೆ ಒಂದು ವಿಷಯ ಬಿಡಲಾರೆ, ಅದು ನಮ್ಮ ನೆಲದ್ದು. ಯಕ್ಷಗಾನದ ತಾಳಮದ್ದಳೆಯಲ್ಲಿ ಮಾತಾಡುವವರಿಗೆ ಏನೆನ್ನುತ್ತೇವೆ? ಅರ್ಥಧಾರಿ. ಅವರು ಆಡುವ ಮಾತಿಗೆ? ಅರ್ಥ. ಭಾಗವತರು ಹಾಡುವುದು ಪದ. ಪದ ಒಬ್ಬರ ಬಾಯಲ್ಲಿ, ಅರ್ಥ ಇನ್ನೊಬ್ಬರ ಬಾಯಲ್ಲಿ! ವೇಷವಿಲ್ಲ, ಕುಣಿತವಿಲ್ಲ. ಪಂಚೆ ಉಟ್ಟು, ಶಾಲು ಹೊದ್ದು, ಎದುರುಬದುರು ಕೂತಿರುತ್ತಾರೆ. ಪದ ಮುಗಿದು ಮದ್ದಳೆಯ ಪೆಟ್ಟು ನಿಂತ ಕೂಡಲೇ ಒಬ್ಬರು ವಾಲಿ, ಎದುರಿನವರು ರಾಮ. ಭಾಗವತರು ಹಾಡಿದ್ದು ನಾಲ್ಕೇ ಸಾಲು. ಒಬ್ಬ ಅರ್ಥಧಾರಿ ಆ ಸಾಲಿನಿಂದ ಮರೆಯಿಂದ ಬಾಣ ಬಿಟ್ಟವನನ್ನು ನ್ಯಾಯ ಕೇಳುವ ವಾಲಿಯನ್ನು ಎಬ್ಬಿಸುತ್ತಾರೆ. ಇನ್ನೊಬ್ಬರು ಅದೇ ಸಾಲಿನಿಂದ ತಪ್ಪು ಅರಿತು ಕರಗುವ ವಾಲಿಯನ್ನು ತರುತ್ತಾರೆ. ಶೇಣಿ ಗೋಪಾಲಕೃಷ್ಣ ಭಟ್ಟರು (1918–2006) ಈ ಕಲೆಯಲ್ಲಿ ಎಷ್ಟು ಎತ್ತರಕ್ಕೆ ಹೋದರೆಂದು ನಮ್ಮ ಕಡೆಯ ಹಿರಿಯರು ಇವತ್ತಿಗೂ ಹೇಳುತ್ತಾರೆ. ಹಾಗಂತ ಮನಸ್ಸಿಗೆ ಬಂದದ್ದನ್ನೆಲ್ಲ ಹೇಳುವ ಹಾಗಿಲ್ಲ. ಪ್ರಸಂಗ ಮೀರಿದರೆ ಎದುರಿನವರು ಅಲ್ಲೇ ಹಿಡಿಯುತ್ತಾರೆ, ಸಭೆಯೂ ಒಪ್ಪುವುದಿಲ್ಲ. ಅರ್ಥಕ್ಕೆ ಜಾಗವೂ ಇದೆ, ಗಡಿಯೂ ಇದೆ.

ಗುರುತು ಸೂಚಿಸುವುದನ್ನು ಬಿಟ್ಟು, ತಾನೇ ಕೆಲಸ ಮಾಡುವ ಗಳಿಗೆಯೂ ಉಂಟು. ನಮ್ಮ ಕಡೆಯ ದೈವಾರಾಧನೆಯಾದ ತೆಯ್ಯಂನಲ್ಲಿ ವೇಷ ಕಟ್ಟುವವರು, ತಲೆಗೆ ಮುಡಿ ಏರಿದ ಮೇಲೆ, ಸಣ್ಣ ಕನ್ನಡಿಯಲ್ಲಿ ತಮ್ಮ ಮುಖ ನೋಡಿಕೊಳ್ಳುತ್ತಾರೆ. ಕನ್ನಡಿಗೆ ಮೊದಲು ಅವರು ನಮ್ಮೂರಿನ ಮನುಷ್ಯ. ಆಮೇಲೆ ಕೈಮುಗಿದು ನಿಂತವರ ಪಾಲಿಗೆ ಅವರು ದೈವ, ಅವರ ನುಡಿ ದೈವದ ನುಡಿ. ಆಕ್ಸ್‌ಫರ್ಡಿನ ತತ್ತ್ವಜ್ಞಾನಿ ಆಸ್ಟಿನ್ 1955ರ ಉಪನ್ಯಾಸಗಳಲ್ಲಿ ಕೆಲವು ಮಾತುಗಳು ಸಂಗತಿಯನ್ನು ವರ್ಣಿಸುವುದಿಲ್ಲ, ಸಂಗತಿಯನ್ನು ಉಂಟುಮಾಡುತ್ತವೆ ಎಂದು ತೋರಿಸಿದರು. ಮಾತು ಕೊಟ್ಟೆ ಎಂದರೆ ಕೊಟ್ಟ ಹಾಗೆಯೇ. ನಮ್ಮ ಜಿಲ್ಲೆಯವರಿಗೆ ಇನ್ನೊಂದು ಉದಾಹರಣೆ ಬೇಡವೇ ಬೇಡ. 1956ರ ನವೆಂಬರ್ 1ರಂದು ಕಾಸರಗೋಡನ್ನು ಕೇರಳಕ್ಕೆ ಸೇರಿಸಿದ, ಕಾಗದದ ಮೇಲಿನ ಒಂದು ಗೆರೆ ನಮ್ಮ ಶಾಲೆ, ಕಚೇರಿ, ಬಸ್ಸಿನ ಬೋರ್ಡು ಎಲ್ಲವನ್ನೂ ಬದಲಿಸಿತು. ಮಣ್ಣು ಒಂದಿಂಚೂ ಸರಿಯಲಿಲ್ಲ.

ಇನ್ನು ನಿಮ್ಮ ಚಿಂತೆ. ಮಕ್ಕಳ ತಲೆಯಲ್ಲಿ ಕಲಸಿಹೋಗುತ್ತದೆಯೇ? ನಾನು ಕಂಡಂತೆ ಇಲ್ಲ. ಪಟ್ಟಿ ಎಂದರೆ ನಮಗೆ ಸಾಮಾನಿನ ಪಟ್ಟಿ, ಮಲಯಾಳದಲ್ಲಿ ನಾಯಿ. ನೀವು “ಅಂಗಡಿಗೆ ಪಟ್ಟಿ ತೆಗೆದುಕೊಂಡು ಹೋಗು” ಎಂದಾಗ ನಿಮ್ಮ ಮಗಳು ಒಂದು ದಿನವಾದರೂ ನಾಯಿ ಕರೆದುಕೊಂಡು ಹೋದದ್ದುಂಟೇ? ಯಾವ ಮನೆಯಲ್ಲಿ ಯಾವ ನಿಯಮ ಎಂದು ಅವಳಿಗೆ ನಡೆಯುವಷ್ಟೇ ಸಲೀಸು. ‘ಪದಾರ್ಥ’ ಎನ್ನುತ್ತಾ ಬಾಯಿಗಿಟ್ಟ ತುತ್ತು ನಿಲ್ಲಿಸಿ ಯೋಚಿಸಿದಳಲ್ಲ, ಅದಕ್ಕೆ ಈ ಭಾಷೆಗಳ ಓಡಾಟವೂ ಕಾರಣ ಎಂದೇ ನನಗನ್ನಿಸುತ್ತದೆ.

ಪರೀಕ್ಷೆಯಲ್ಲಿ ಕೇಳಿದರೆ ವಿಜ್ಞಾನದ ಪದಾರ್ಥವನ್ನೇ ಬರೆಯಲಿ, ಅಜ್ಜ ಕೇಳಿದರೆ ಏಳನ್ನೂ ಹೇಳಲಿ. ಮಳೆಗಾಲ ಬಂತು, ಈಗ ಊರೂರಲ್ಲಿ ತಾಳಮದ್ದಳೆ ಇರುತ್ತದೆ. ಒಂದು ರಾತ್ರಿ ಅವಳನ್ನು ಕರೆದುಕೊಂಡು ಹೋಗಿ, ಮುಂದಿನ ಸಾಲಿನಲ್ಲೇ ಕೂರಿಸಿ. ವಾಲಿಮೋಕ್ಷ ಆದರೆ ಜಾಸ್ತಿ ಒಳ್ಳೆಯದು. ಮನೆಗೆ ಬರುವಾಗ ದಾರಿಯಲ್ಲಿ ಕೇಳಿ ನೋಡಿ, ಪದ ಎಲ್ಲಿ ಮುಗಿಯಿತು, ಅರ್ಥ ಎಲ್ಲಿ ಶುರುವಾಯಿತು ಎಂದು. ಅವಳು ಏನು ಹೇಳಿದಳೆಂದು ನನಗೂ ಬರೆಯಿರಿ.